ಬಿದ್ರಿ ಕಾರೀಗರರ ಗುಟ್ಟಿನ ಕೂಟ, ಕಾಲವನ್ನು ತಡೆಯುವ ಕಸುಬು: ಇವರ ಶಕ್ತಿಗೆ ಎಲ್ಲೆ ಎಲ್ಲಿ ಹಾಕಲಿ?

ಕಥೆಗಾರ್ತಿ:
ಒಂದು ಫ್ಯಾಂಟಸಿ ಕಾದಂಬರಿ ಬರೆಯುತ್ತಿದ್ದೇನೆ. ಕಾಲ 1481. ಊರು ಬೀದರ್, ಬಹಮನಿ ಸುಲ್ತಾನರ ರಾಜಧಾನಿ. ಬಿದ್ರಿ ಅಂದರೆ ಕಪ್ಪು ಲೋಹದಲ್ಲಿ ಬೆಳ್ಳಿ ಕೂರಿಸುವ ಅಲ್ಲಿನ ಕಸುಬು. ಅದರ ಕಾರೀಗರರಲ್ಲಿ ಕೆಲವರದ್ದು ಒಂದು ಗುಟ್ಟಿನ ಕೂಟ. ಇವರು ಮಾಡಿದ ಡಬ್ಬಿ, ಹೂಜಿಗಳಿಗೆ ಕಾಲವನ್ನು ತಡೆಯುವ ಗುಣ ಇದೆ. ಈ ಯೋಚನೆ ಹುಟ್ಟಿದ್ದೇ ಬಿದ್ರಿಯ ಕಪ್ಪು ಬಣ್ಣದಿಂದ. ಆ ಕಪ್ಪು ಬರುವುದು ಬೀದರ್ ಕೋಟೆಯ ಮಣ್ಣಿನಿಂದ, ಅದೂ ಬಿಸಿಲು ಮಳೆ ತಾಗದ ಜಾಗದ ಹಳೆಯ ಮಣ್ಣೇ ಆಗಬೇಕು ಅಂತಾರೆ. ಹಗಲು ರಾತ್ರಿಯನ್ನೇ ಕಾಣದ ಮಣ್ಣಿಗೆ ಕಾಲ ತಾಗಿರೋದಾದರೂ ಹೇಗೆ, ಅಲ್ವಾ?

ಆದರೆ ಈಗ ಬರೆದಿರುವಂತೆ ಇವರು ಏನು ಬೇಕಾದರೂ ಮಾಡಬಲ್ಲರು. ಹಾಗಿದ್ದರೆ ಓದುವವರಿಗೆ ಆತಂಕ ಎಲ್ಲಿಂದ ಬರಬೇಕು? ಇನ್ನೊಂದು, ಆ ವರ್ಷವೇ ವಜೀರ ಮಹಮೂದ್ ಗವಾನನ ತಲೆ ತೆಗೆಸುತ್ತಾರೆ. ನನ್ನ ಕೂಟ ಅವನನ್ನು ಉಳಿಸಬೇಕಾ? ಎರಡಕ್ಕೂ ನಿಮ್ಮ ಅಭಿಪ್ರಾಯ ಬೇಕು.

ಕೋಟೆ ಹತ್ತಿರದವನು:
ಎಲ್ಲೆಯನ್ನು ಹೊರಗಿಂದ ತಂದು ಹಾಕಬೇಡಿ ಮೇಡಂ, ಕಸುಬಿನ ಒಳಗೇ ಹುಡುಕಿ. ನಮ್ಮ ಊರಿನಲ್ಲಿ ಈ ಕೆಲಸ ನಡೆಯುವುದನ್ನು ಹತ್ತಿರದಿಂದ ನೋಡಿದವನು ನಾನು. ಮೊದಲು ಸತು, ಸ್ವಲ್ಪ ತಾಮ್ರ ಸೇರಿಸಿ ಮಣ್ಣಿನ ಅಚ್ಚಿನಲ್ಲಿ ಎರಕ ಹೊಯ್ಯುತ್ತಾರೆ. ಅರದಿಂದ ಉಜ್ಜಿ ನುಣುಪು ಮಾಡುತ್ತಾರೆ. ಆಮೇಲೆ ಮೈಲುತುತ್ತದ (ತಾಮ್ರದ ನೀಲಿ ಉಪ್ಪು) ನೀರು ಸವರುತ್ತಾರೆ, ಆಗ ಮೇಲೆ ಒಂದು ಕಪ್ಪು ಬರುತ್ತದೆ. ಈ ಕಪ್ಪು ಉಳಿಯುವುದಿಲ್ಲ, ಉಳಿಯಲೂ ಬಾರದು, ಕೊರೆಯುವ ಗೆರೆ ಕಣ್ಣಿಗೆ ಕಾಣಲಿ ಅಂತ ಅಷ್ಟೇ ಅದು. ಉಳಿಯಿಂದ ಕೊರೆದು, ಆ ಗೀರಿನಲ್ಲಿ ಬೆಳ್ಳಿ ತಂತಿ ಕೂರಿಸಿ ಸುತ್ತಿಗೆಯಿಂದ ತಟ್ಟುತ್ತಾರೆ. ಮತ್ತೆ ಉಜ್ಜಿದಾಗ ಮೊದಲಿನ ಕಪ್ಪು ಹೋಗಿಬಿಡುತ್ತದೆ, ಬೆಳ್ಳಿ ಯಾವುದು ಸತು ಯಾವುದು ಅಂತ ಗುರುತೇ ಸಿಗದ ಹಾಗೆ. ಕೊನೆಗೆ ಕೋಟೆ ಮಣ್ಣು, ನವಸಾಗರ (ಅಮೋನಿಯಂ ಕ್ಲೋರೈಡ್ ಅನ್ನೋ ಉಪ್ಪು) ಹಾಕಿದ ಬಿಸಿ ನೀರು. ಸತು ಕಪ್ಪಾಗುತ್ತದೆ, ಬೆಳ್ಳಿಗೆ ಏನೂ ಆಗುವುದಿಲ್ಲ. ಇದು ಉಳಿಯುವ ಕಪ್ಪು.

ಇಲ್ಲೇ ಇದೆಯಲ್ಲ ನಿಮ್ಮ ಕಟ್ಟುಪಾಡು. ಕಾಲ ನಿಲ್ಲುವುದು ಕಪ್ಪಿನಲ್ಲಿ ಮಾತ್ರ. ಬೆಳ್ಳಿಯ ಗೆರೆಯಲ್ಲಿ ಅದು ಹರಿಯುತ್ತಲೇ ಇರಬೇಕು. ಗೆರೆ ತಪ್ಪಿದರೆ ಡಬ್ಬಿಯೊಳಗೆ ಇಟ್ಟದ್ದು ಅರ್ಧ ಹಳತಾಗುತ್ತದೆ, ಅರ್ಧ ಹೊಸದಾಗೇ ಉಳಿಯುತ್ತದೆ. ಹೊಸಬರ ಡಬ್ಬಿ ಮೊದಲ ಕಪ್ಪಿನವರೆಗೆ ಮಾತ್ರ ಕೆಲಸ ಮಾಡಲಿ, ಉಜ್ಜಿದರೆ ಮುಗಿಯಿತು. ಮತ್ತೆ ಮಣ್ಣು ಸರಿಯಾಗಿದೆಯಾ ಅಂತ ಕಾರೀಗರರು ನಾಲಿಗೆಗೆ ಹಚ್ಚಿ ನೋಡುತ್ತಾರೆ, ಇದು ನಿಜವಾಗಿಯೂ ಇರುವ ಪದ್ಧತಿ. ನಿಮ್ಮ ಕಥೆಯಲ್ಲಿ ಹೀಗೆ ರುಚಿ ನೋಡಿದ ಉಸ್ತಾದನಿಗೆ ಪ್ರತಿ ಸಲ ಸ್ವಲ್ಪ ಕಾಲ ನಿಂತುಹೋಗಬೇಕು. ಮನೆಯವರೆಲ್ಲ ಮುಂದೆ ಹೋಗಿರುತ್ತಾರೆ, ಅವನು ಹಿಂದೆ ಉಳಿದಿರುತ್ತಾನೆ. ಬೆಲೆ ಅಂದರೆ ಅದು.

ಗಳಿಗೆ ಬಟ್ಟಲು:
ಮೇಲಿನ ಉತ್ತರ ತುಂಬಾ ಇಷ್ಟ ಆಯಿತು. ಇವರನ್ನು ಹಿಡಿಯುವವರು ಯಾರು ಅನ್ನೋದೂ ಬೇಕಲ್ಲ. ನನ್ನ ಸಲಹೆ, ಗಳಿಗೆ ಬಟ್ಟಲು ಕಾಯುವವನು. ತಳದಲ್ಲಿ ಸಣ್ಣ ತೂತಿರುವ ತಾಮ್ರದ ಬಟ್ಟಲನ್ನು ನೀರಿನ ಮೇಲೆ ತೇಲಿಬಿಡುತ್ತಿದ್ದರು. ಅದು ತುಂಬಿ ಮುಳುಗಿದರೆ ಒಂದು ಗಳಿಗೆ, ಅಂದರೆ 24 ನಿಮಿಷ. ದಿನಕ್ಕೆ 60 ಸಲ. ಬಾಬರ್ ಹಿಂದೂಸ್ತಾನಕ್ಕೆ ಬಂದಾಗ ಇದನ್ನು ಕಂಡು ವಿವರವಾಗಿ ಬರೆದಿಟ್ಟಿದ್ದಾನೆ, ಅದು ನಿಮ್ಮ ಕಥೆಯ ಕಾಲಕ್ಕಿಂತ ಬರೀ 40-50 ವರ್ಷ ಆಮೇಲಿನ ಮಾತು. ಕಾರೀಗರರ ಬೀದಿಯಲ್ಲಿ ಇಟ್ಟ ಬಟ್ಟಲು ಅರಮನೆಯ ಬಟ್ಟಲಿಗಿಂತ ನಿಧಾನ ಮುಳುಗುತ್ತಿದೆ ಅಂತ ಅವನಿಗೆ ಗೊತ್ತಾಗಲಿ. ಮೊದಲು ತೂತಿನಲ್ಲಿ ಕಸ ಸಿಕ್ಕಿದೆ ಅಂದುಕೊಳ್ಳುತ್ತಾನೆ. ಬಟ್ಟಲು ಬದಲಿಸುತ್ತಾನೆ. ಆಗಲೂ ಹಾಗೇ. ಕತ್ತಿ ಹಿಡಿದ ಸಿಪಾಯಿಗಿಂತ ಇಂಥವನ ಭಯ ಜಾಸ್ತಿ.

ದಖನಿ ಓದುಗ:
ಗವಾನನನ್ನು ದಯವಿಟ್ಟು ಉಳಿಸಬೇಡಿ. ಅವನು ಸತ್ತದ್ದು ಬೀದರಿನಲ್ಲಲ್ಲ ಅನ್ನೋದನ್ನು ಬಳಸಿಕೊಳ್ಳಿ. ಸುಲ್ತಾನನ ಬೀಡು ಆಗ ಆಂಧ್ರದ ಕೊಂಡಪಳ್ಳಿಯಲ್ಲಿತ್ತು. ಗವಾನನ ಮುದ್ರೆ ಕಾಯುವವನನ್ನು ವಿರೋಧಿಗಳು ಒಲಿಸಿಕೊಂಡು ಖಾಲಿ ಕಾಗದದ ಮೇಲೆ ಮುದ್ರೆ ಒತ್ತಿಸಿಕೊಂಡರು. ಆಮೇಲೆ ಅದರಲ್ಲಿ ಒಡಿಶಾದ ರಾಜನನ್ನು ದಂಡೆತ್ತಿ ಬರಲು ಕರೆಯುವ ಸುಳ್ಳು ಪತ್ರ ಬರೆದರು. ಸುಲ್ತಾನ ಸರಿಯಾಗಿ ವಿಚಾರಿಸಲೇ ಇಲ್ಲ. 1472ರಲ್ಲಿ ಬೀದರಿನಲ್ಲಿ ಅಂಥಾ ಮದ್ರಸ ಕಟ್ಟಿಸಿದ ಮನುಷ್ಯನನ್ನು ಒಂದು ಕಾಗದ ನಂಬಿ ಕೊಲ್ಲಿಸಿದ. ಇದನ್ನು ಓದಿದಾಗಲೆಲ್ಲ ನನಗೆ ಹೊಟ್ಟೆ ಉರಿಯುತ್ತದೆ.

ನಿಮ್ಮ ಕೂಟಕ್ಕೆ ಕಾಲವನ್ನು ತಡೆಯಲು ಬರುತ್ತದೆ, ಹಿಂದಕ್ಕೆ ತಿರುಗಿಸಲು ಬರುವುದಿಲ್ಲ. ಸುದ್ದಿ ಬೀದರಿಗೆ ಮುಟ್ಟುವ ಹೊತ್ತಿಗೆ ಎಲ್ಲ ಮುಗಿದಿರುತ್ತದೆ.

ಕಥೆಗಾರ್ತಿ:
ಎಲ್ಲರಿಗೂ ಧನ್ಯವಾದ. ಕೊಂಡಪಳ್ಳಿಯ ಮಾತು ಓದುತ್ತಿದ್ದ ಹಾಗೇ ಒಂದು ಹೊಳೆಯಿತು. ಆ ಪತ್ರವನ್ನು ಬರೆದ ತಕ್ಷಣ ಬಿದ್ರಿ ಡಬ್ಬಿಯಲ್ಲಿಟ್ಟು ಕಳಿಸಿದರು ಅಂತಿಟ್ಟುಕೊಳ್ಳಿ, ಅದು ಕೂಟದ ಡಬ್ಬಿ ಅಂತ ತಿಳಿಯದೆ. ಮುದ್ರೆ ಒತ್ತಿ ಎಷ್ಟೋ ದಿನ ಆಗಿದೆ, ಅದು ಒಣಗಿದೆ. ಆದರೆ ಅಕ್ಷರಗಳ ಶಾಯಿ ಇನ್ನೂ ಹಸಿ. ಮುದ್ರೆ ಮೊದಲು, ಬರಹ ಆಮೇಲೆ ಅನ್ನೋದಕ್ಕೆ ಅಷ್ಟು ಸಾಕಲ್ವಾ?

ದಖನಿ ಓದುಗ:
ಸಾಕು! ಆದರೆ ಅದು ಸುಲ್ತಾನನ ಕಣ್ಣಿಗೆ ಬೀಳುವುದು ತಲೆ ಉರುಳಿದ ಮೇಲೆ ಆಗಲಿ. ಆಮೇಲೆ ಅವನು ಪಶ್ಚಾತ್ತಾಪ ಪಟ್ಟ ಅಂತಲೇ ಹೇಳುತ್ತಾರೆ, ಮರುವರ್ಷ 1482ರಲ್ಲಿ ಸತ್ತೂ ಹೋದ. ಆ ಒಂದು ವರ್ಷ ಅವನು ನಿಮ್ಮ ಕಾರೀಗರರನ್ನು ಹುಡುಕಿಸಲಿ. ನಿಮ್ಮ ಎರಡನೇ ಭಾಗ ಅಲ್ಲಿಂದಲೇ ಶುರು.

ಕೋಟೆ ಹತ್ತಿರದವನು:
ಶಾಯಿ ಹಸಿ ಉಳಿಯಬೇಕಾದರೆ ಆ ಡಬ್ಬಿಯ ಒಳಗೂ ಕಪ್ಪು ಹಾಕಿರಬೇಕು, ಬೆಳ್ಳಿ ಇರಬಾರದು. ಹಾಗೆ ಯಾಕೆ ಮಾಡಿದರು, ಮಾಡಿಸಿದವರು ಯಾರು ಅಂತ ಮೊದಲೇ ಯೋಚಿಸಿಟ್ಟುಕೊಳ್ಳಿ. ಕೂಟದ ಒಳಗಿನವನೇ ಒಬ್ಬ ಮಾರಿಕೊಂಡಿರಬೇಕು.