ಬಿಳಿಗಿರಿರಂಗನ ಬೆಟ್ಟಕ್ಕೆ ಒಂದೇ ದಿನ: ಭಾವ ಕೇಳಿದ್ದಕ್ಕೆ ಉತ್ತರ

ಭಾವ, ನೀವು ಗ್ರೂಪಿಗೆ ಹಾಕಿದ ಪ್ಯಾಕೇಜ್ ಪಟ್ಟಿ ನೋಡ್ದೆ. ಜನವರಿ 16ಕ್ಕೆ ಮೈಸೂರಿಂದ ಟಿಟಿ (ಟೆಂಪೋ ಟ್ರಾವೆಲರ್) ಗಾಡಿ, ಗೈಡು ಅವರದ್ದೇ, ನಾವು ಹನ್ನೊಂದು ಜನ. ಒಂದೇ ದಿನದಲ್ಲಿ ಬಿಳಿಗಿರಿರಂಗನ ಬೆಟ್ಟ, ಕೆ. ಗುಡಿ ಕಾಡಿನ ಸಫಾರಿ, ದೊಡ್ಡ ಸಂಪಿಗೆ ಮರ, ಸನ್‌ಸೆಟ್ ಪಾಯಿಂಟ್, ಬರ್ತಾ ಶಿವನಸಮುದ್ರ. "ಅಮ್ಮನೂ ಮಕ್ಕಳೂ ಇರ್ತಾರೆ, ಇದು ಆಗೋ ಕೆಲಸಾನಾ?" ಅಂತ ಕೇಳಿದ್ದೀರಿ. ಆಗಲ್ಲ ಭಾವ. ಅದರಲ್ಲಿ ಎರಡು ಮಾತ್ರ ನೆಟ್ಟಗೆ ಆಗುತ್ತೆ: ಬೆಟ್ಟದ ದೇವಸ್ಥಾನ ಒಂದು, ಕೆ. ಗುಡಿ ಇನ್ನೊಂದು. ಯಾಕೆ ಅಂತ ಹೇಳ್ತೀನಿ, ಸ್ವಲ್ಪ ಉದ್ದ ಆಗುತ್ತೆ, ಕಾಫಿ ಇಟ್ಕೊಂಡು ಕೇಳಿ.

ಮೊದಲು ತಾರೀಖು ಬದಲಾಯಿಸಿ. ಸಂಕ್ರಾಂತಿ ಆದ ಕೂಡಲೇ ಬೆಟ್ಟದಲ್ಲಿ ಚಿಕ್ಕ ಜಾತ್ರೆ. ಏಪ್ರಿಲ್ ಹೊತ್ತಿಗೆ ದೊಡ್ಡ ತೇರು. ಈ ಎರಡು ಸಮಯದಲ್ಲೂ ಖಾಸಗಿ ಗಾಡಿ ಮೇಲೆ ಬಿಡಲ್ಲ, ಕೆಳಗಿಂದ ಸರ್ಕಾರಿ ಬಸ್ಸಲ್ಲೇ ಹೋಗ್ಬೇಕು. ಜಾತ್ರೆ ನೋಡೋಕೇ ಹೋಗೋದಾದ್ರೆ ಅದರ ಸೊಗಸೇ ಬೇರೆ, ಆದ್ರೆ ಕಾಡು ನೋಡೋಕೆ ಆ ದಿನ ಹೋಗೋದು ವ್ಯರ್ಥ. ಒಂದು ವಾರ ಬಿಟ್ಟು, ವಾರದ ನಡುವಿನ ದಿನ ಇಟ್ಕೊಳ್ಳಿ. ಭಾನುವಾರ ಬೇಡ. ಆ ಪ್ಯಾಕೇಜಿನವನಿಗೆ ಜಾತ್ರೆ ವಿಷಯ ಗೊತ್ತಿಲ್ಲದೆ 16 ಅಂತ ಬರೆದಿದ್ದಾನೆ ಅಂದ್ರೆ, ಅವನ ಗೈಡಿಗೆ ಆ ಕಾಡು ಎಷ್ಟು ಗೊತ್ತು ಅನ್ನೋದು ಅಲ್ಲೇ ಅರ್ಥ ಆಗುತ್ತೆ.

ಇನ್ನು ದಾರಿ. ಬೆಟ್ಟಕ್ಕೆ ಎರಡು ಬಾಗಿಲು. ಒಂದು ಯಳಂದೂರು ಕಡೆಯಿಂದ, ಗುಂಬಳ್ಳಿ ಚೆಕ್‌ಪೋಸ್ಟ್. ಇನ್ನೊಂದು ಚಾಮರಾಜನಗರ ಕಡೆಯಿಂದ, ಹೊಂಡರಬಾಳು. ನಡುವೆ ಪೂರ್ತಿ ಕಾಡು, ಕೆ. ಗುಡಿ ಅಂದ್ರೆ ಕ್ಯಾತದೇವರ ಗುಡಿ ಆ ನಡುವಿನ ರಸ್ತೇಲಿ ಸಿಗುತ್ತೆ. ಕತ್ತಲಾದ ಮೇಲೆ ಕಾಡಿನ ರಸ್ತೇಲಿ ಗಾಡಿ ಬಿಡಲ್ಲ. ಇಡೀ ದಿನದ ಲೆಕ್ಕ ನಿಂತಿರೋದು ಈ ಒಂದು ನಿಯಮದ ಮೇಲೆ. ಸೂರ್ಯ ಮುಳುಗೋ ಹೊತ್ತಿಗೆ ನೀವು ಗೇಟಿನ ಹೊರಗಡೆ ಇರ್ಬೇಕು ಅಂದ್ಮೇಲೆ ಬೆಟ್ಟದ ಮೇಲೆ ಸನ್‌ಸೆಟ್ ಎಲ್ಲಿಂದ ಬಂತು? ಶಿವನಸಮುದ್ರ ಕೊಳ್ಳೇಗಾಲದ ಕಡೆ ಬೀಳುತ್ತೆ, ನೀವು ಇಳಿಯೋದು ಚಾಮರಾಜನಗರದ ಕಡೆ. ದಿಕ್ಕೇ ಬೇರೆ. ಅದಕ್ಕೆ ಇನ್ನೊಂದು ದಿನ ಇಡಿ, ಜನವರೀಲಿ ಹೇಗೂ ನೀರು ಕಮ್ಮಿ.

ಯಳಂದೂರಿಂದ ಹತ್ತಿ ಚಾಮರಾಜನಗರಕ್ಕೆ ಇಳೀರಿ, ಉಲ್ಟಾ ಬೇಡ. ಬೆಳಗ್ಗೆ ದೇವಸ್ಥಾನ ತೆರೆದಿರುತ್ತೆ, ಮಧ್ಯಾಹ್ನ ಬಾಗಿಲು ಹಾಕ್ತಾರೆ. ಸಫಾರಿಗೆ ಸಂಜೆ ಹೊತ್ತು ಒಳ್ಳೇದು, ಕೆ. ಗುಡಿಯಿಂದ ಚಾಮರಾಜನಗರ ಹತ್ರ. ಉಲ್ಟಾ ಹೋದ್ರೆ ಬಿಸಿಲಲ್ಲಿ ಕೆ. ಗುಡಿ, ಬಾಗಿಲು ಹಾಕಿದ ದೇವಸ್ಥಾನ, ಎರಡೂ ಕೆಡುತ್ತೆ. ಒಟ್ಟು ಸುತ್ತು ಸುಮಾರು 200 ಕಿ.ಮೀ. ಮೈಸೂರಿಂದ ಟಿ. ನರಸೀಪುರದ ಮೇಲೆ ಯಳಂದೂರು 70ರ ಹತ್ರ, ಅಲ್ಲಿಂದ ಬೆಟ್ಟ 24, ವಾಪಸ್ ಚಾಮರಾಜನಗರದಿಂದ ನಂಜನಗೂಡಿನ ಮೇಲೆ ಮೈಸೂರು 60.

ಐದೂವರೆಗೆ ಮನೆ ಬಿಡಿ. ಆರು ಅಂದ್ರೆ ಮಕ್ಕಳ ಶೂ, ಅಕ್ಕನ ಫ್ಲಾಸ್ಕ್ ಅಂತ ಏಳಾಗುತ್ತೆ, ಅದು ಎಲ್ಲರಿಗೂ ಗೊತ್ತಿರೋ ವಿಷಯ. ಏಳು, ಏಳೂಕಾಲಿಗೆ ಯಳಂದೂರಲ್ಲಿ ತಿಂಡಿ. ತಿಂಡಿ ಆದ್ಮೇಲೆ ಗೌರೀಶ್ವರ ದೇವಸ್ಥಾನದ ಬಳೆಮಂಟಪಕ್ಕೆ ಇಪ್ಪತ್ತು ನಿಮಿಷ ಕೊಡಿ. ಮಂಟಪದ ಮೂಲೆಯಲ್ಲಿ ಕಲ್ಲಿನ ಬಳೆಗಳನ್ನ ಸರಪಳಿ ಹಾಗೆ ಒಂದಕ್ಕೊಂದು ಕೋದ ಹಾಗೆ ಒಂದೇ ಕಲ್ಲಲ್ಲಿ ಕೆತ್ತಿದ್ದಾರೆ, ಮಕ್ಕಳು ಕತ್ತೆತ್ತಿ ನೋಡ್ತಾ ನಿಲ್ತಾರೆ. ಡೀಸೆಲ್ ಅಲ್ಲೇ ತುಂಬಿಸಿ. ದುಡ್ಡು ಕೈಯಲ್ಲಿ ನಗದು ಇರಲಿ, ಮೇಲೆ ನೆಟ್‌ವರ್ಕ್ ಬಂದು ಹೋಗಿ ಮಾಡುತ್ತೆ, ಫೋನ್‌ಪೇ ನಂಬ್ಕೊಂಡು ಸಫಾರಿ ಕೌಂಟರ್ ಮುಂದೆ ನಿಲ್ಲೋದು ಬೇಡ.

ವಾಂತಿ ಮಾಡ್ಕೊಳ್ಳೋ ಮಕ್ಕಳಿಗೆ ಮಾತ್ರೆ ಕೊಡೋದಾದ್ರೆ ಗುಂಬಳ್ಳಿಗೆ ಬಂದ್ಮೇಲೆ ಕೊಟ್ಟು ಪ್ರಯೋಜನ ಇಲ್ಲ. ಘಾಟಿ ಹತ್ತೋಕೆ ಅರ್ಧ ಗಂಟೆ ಮುಂಚೆ ಹೊಟ್ಟೆ ಸೇರಿರಬೇಕು, ಅಂದ್ರೆ ಯಳಂದೂರಲ್ಲೇ. ಎಷ್ಟು ಕೊಡ್ಬೇಕು ಅಂತ ಡಾಕ್ಟರ್ ಹತ್ರ ಕೇಳ್ಕೊಳ್ಳಿ. ಟಿಟಿಯ ಕೊನೇ ಸೀಟಲ್ಲಿ ಅವರನ್ನ ಕೂರಿಸಬೇಡಿ, ತಿರುವಲ್ಲಿ ಹಿಂದಿನ ಸೀಟೇ ಜಾಸ್ತಿ ಬೀಸೋದು.

ಗುಂಬಳ್ಳಿ ದಾಟಿದ್ಮೇಲೆ ಕಿಟಕಿ ಆಚೆ ನೋಡ್ತಾ ಹೋಗಿ. ಬುಡದಲ್ಲಿ ಮುಳ್ಳು ಪೊದೆ, ಕುರುಚಲು. ಸ್ವಲ್ಪ ಮೇಲೆ ಎಲೆ ಉದುರೋ ಕಾಡು, ದಿಂಡಿಗ, ಮತ್ತಿ, ಹೊನ್ನೆ, ನೆಲ್ಲಿ. ಇನ್ನೂ ಮೇಲೆ ಹೋದ ಹಾಗೆ ಮರ ದಪ್ಪ ಆಗುತ್ತೆ, ಹಸಿರು ಗಾಢ ಆಗುತ್ತೆ, ಎತ್ತರದ ಕಣಿವೆಗಳಲ್ಲಿ ಶೋಲಾ ಅನ್ನೋ ದಟ್ಟ ನಿತ್ಯಹಸಿರು ಕಾಡು, ಅದರ ಪಕ್ಕದಲ್ಲೇ ಹುಲ್ಲುಗಾವಲು. ಬುಡ ಸುಮಾರು 600 ಮೀಟರ್ ಎತ್ತರ, ಅತಿ ಎತ್ತರದ ಕತ್ತರಿ ಬೆಟ್ಟ 1,800. ಪಶ್ಚಿಮ ಘಟ್ಟಕ್ಕೂ ಪೂರ್ವ ಘಟ್ಟಕ್ಕೂ ಸೇತುವೆ ಈ ಬೆಟ್ಟಸಾಲು, ಎರಡೂ ಕಡೆಯ ಗಿಡ ಪ್ರಾಣಿ ಇಲ್ಲಿವೆ. ಗೈಡು ಒಳ್ಳೆಯವನಾದ್ರೆ ಈ ಬದಲಾವಣೆ ಹತ್ತುವಾಗಲೇ ತೋರಿಸ್ತಾನೆ. ಸುಮ್ನೆ ಹಾಡು ಹಾಕ್ಕೊಂಡು ಕೂತ್ರೆ ಅವನು ಬರೀ ಕ್ಲೀನರ್ ಅಷ್ಟೇ.

ಒಂಬತ್ತಕ್ಕೆ ಮೇಲೆ. ಮಂಜು ಇದ್ರೆ ಗಾಬರಿ ಬೇಡ, ಬಿಸಿಲೇರಿದ ಹಾಗೆ ಕರಗುತ್ತೆ. ಅದಕ್ಕೇ ಮೊದಲು ದರ್ಶನ, ಆಮೇಲೆ ಬಂಡೆ ಅಂಚಿಂದ ನೋಟ ಇಟ್ಕೊಳ್ಳಿ. ಕೆಳಗೆ ಬಯಲು, ಕೆರೆಗಳು ಕಾಣುತ್ತೆ. ಕಂಬಿ ಆಚೆ ಹೋಗಿ ಸೆಲ್ಫಿ ಬೇಡ, ಬಂಡೆ ಮೇಲೆ ಇಬ್ಬನಿ ಬಿದ್ದಿರುತ್ತೆ, ಜಾರುತ್ತೆ. ಅಮ್ಮನಿಗೆ ಮಂಡಿ ನೋವು ಅಂತ ಮೆಟ್ಟಿಲು ಹತ್ತಿಸಬೇಡಿ, ಗಾಡಿ ಹೋಗೋ ರಸ್ತೆ ಇದೆ. ರಂಗನಾಥನ ದೊಡ್ಡ ಚರ್ಮದ ಪಾದರಕ್ಷೆ ತೋರಿಸಿ ಮಕ್ಕಳಿಗೆ. ಈ ಬೆಟ್ಟದ ಕಾಡಿನ ಬುಡಕಟ್ಟು ಜನ ಸೋಲಿಗರು, ಅವರ ಹುಡುಗಿ ಕುಸುಮಾಲೆಯನ್ನ ರಂಗನಾಥ ಮದುವೆ ಆದ ಅನ್ನೋ ಕಥೆ ಇದೆಯಲ್ಲ, ಹಾಗಾಗಿ ಸೋಲಿಗರಿಗೆ ಅವನು ಭಾವ. ನಮಗೆ ನೀವು ಹೇಗೋ ಹಾಗೆ. ಆದ್ರೆ ಅವನು ಪ್ಯಾಕೇಜ್ ಫಾರ್ವರ್ಡ್ ಮಾಡಲ್ಲ.

ಕೋತಿ ವಿಷಯ. ದೇವಸ್ಥಾನದ ಸುತ್ತ ಅವಕ್ಕೆ ಹೂ ಹಣ್ಣಿಗಿಂತ ಪ್ಲಾಸ್ಟಿಕ್ ಕವರಿನ ಸರಬರ ಶಬ್ದ ಚೆನ್ನಾಗಿ ಗೊತ್ತು. ಪೂಜೆ ಸಾಮಾನು ಬಟ್ಟೆ ಚೀಲದಲ್ಲಿ ಒಯ್ಯಿರಿ, ಗಾಡಿ ಕಿಟಕಿ ಪೂರ್ತಿ ಏರಿಸಿ. ಕಿತ್ಕೊಂಡ್ರೆ ಬಿಟ್ಟುಬಿಡಿ, ಎಳೆದಾಡಿದ್ರೆ ಕಚ್ಚುತ್ತೆ, ಆಮೇಲೆ ರೇಬಿಸ್ ಸೂಜಿಗೆ ಬೆಟ್ಟ ಇಳಿದು ಓಡ್ಬೇಕು. ಊಟಕ್ಕೆ ಚಿತ್ರಾನ್ನ, ಮೊಸರನ್ನ ಸ್ಟೀಲ್ ಡಬ್ಬೀಲಿ ತನ್ನಿ. ಬೆಟ್ಟದ ಮೇಲಿನ ಊರಲ್ಲೇ ಕೂತು ಉಣ್ಣಿ, ಕಾಡಿನ ರಸ್ತೆ ಪಕ್ಕ ಎಲ್ಲೂ ಇಳಿಯಂಗಿಲ್ಲ. ಊಟ ಆದ್ಮೇಲೆ ಲ್ಯಾಂಪ್ಸ್ ಅನ್ನೋ ಬುಡಕಟ್ಟು ಜನರ ಸಹಕಾರ ಸಂಘದಲ್ಲಿ ಜೇನುತುಪ್ಪ ಕೇಳಿ, ಸೋಲಿಗರು ತಂದದ್ದು.

ದೊಡ್ಡ ಸಂಪಿಗೆ ಮರ ಭಾರ್ಗವಿ ಹೊಳೆ ದಡದಲ್ಲಿದೆ, ಶತಮಾನಗಳ ಮರ, ಸೋಲಿಗರಿಗೆ ದೇವರು. ಅರಣ್ಯ ಇಲಾಖೆ ಅನುಮತಿ ಇಲ್ಲದೆ ಆ ದಾರಿ ಹಿಡಿಯೋದು ತಪ್ಪು. ಗೈಡು "ನಾನು ಮಾತಾಡ್ತೀನಿ ಸಾರ್" ಅಂದ್ರೆ ಲಿಖಿತ ಅನುಮತಿ ತೋರಿಸು ಅನ್ನಿ. ಇಲ್ಲಾಂದ್ರೆ ಬಿಡಿ. ಹುಲಿ ಮೀಸಲಲ್ಲಿ ಸಿಕ್ಕಿಬಿದ್ರೆ ಕೇಸು ನಿಮ್ಮ ಮೇಲೆ, ಅವನ ಮೇಲಲ್ಲ.

ಹನ್ನೆರಡೂವರೆಗೆ ಮೇಲಿಂದ ಹೊರಡಿ, ಕೆ. ಗುಡಿ ಕಡೆಗೆ. ನನ್ನ ಪ್ರಕಾರ ಇಡೀ ದಿನದಲ್ಲಿ ಈ ರಸ್ತೇನೇ ಚೆಂದ, ಸಫಾರಿಗಿಂತಲೂ. ಗಂಟೆಗೆ 30 ಕಿ.ಮೀ. ದಾಟಬೇಡಿ, ಹಾರ್ನ್ ಬೇಡ. ಇಳಿಜಾರಲ್ಲಿ ಡ್ರೈವರ್ ಎರಡನೇ ಗೇರಲ್ಲೇ ಇಳಿಸಲಿ. ನ್ಯೂಟ್ರಲ್ ಹಾಕಿ ಡೀಸೆಲ್ ಉಳಿಸ್ತೀನಿ ಅನ್ನೋರು ಇರ್ತಾರೆ, ತುಂಬಿದ ಟಿಟಿಗೆ ಬರೀ ಬ್ರೇಕ್ ಮೇಲೆ ಭಾರ ಬಿದ್ರೆ ಕಾಯ್ದು ಹಿಡಿತ ತಪ್ಪುತ್ತೆ. ಸುಟ್ಟ ವಾಸನೆ ಬಂದ ತಕ್ಷಣ ಜಾಗ ನೋಡಿ ನಿಲ್ಲಿಸಿ ಆರಲು ಬಿಡಿ, ಚಕ್ರಕ್ಕೆ ನೀರು ಎರಚಬೇಡಿ.

ಆನೆ ಎದುರಾದ್ರೆ ದೂರದಲ್ಲೇ ನಿಲ್ಲಿಸಿ, ಕನಿಷ್ಠ 50 ಮೀಟರ್, ಇನ್ನೂ ಜಾಸ್ತಿ ಇದ್ರೆ ಒಳ್ಳೇದು. ಇಂಜಿನ್ ಆಫ್ ಮಾಡ್ಬೇಡಿ, ಎಕ್ಸಲರೇಟರ್ ಒತ್ತಿ ಸದ್ದು ಮಾಡೋದೂ ಬೇಡ. ಕಿವಿ ಅಗಲಿಸಿ, ಬಾಲ ಎತ್ತಿ, ಸೊಂಡಿಲು ಒಳಗೆ ಸುತ್ತಿಕೊಂಡ್ರೆ ನಿಧಾನಕ್ಕೆ ರಿವರ್ಸ್. ಹಿಂದೆ ಇನ್ನೊಂದು ಗಾಡಿ ಅಂಟಿಕೊಂಡಿದ್ರೆ ರಿವರ್ಸ್ ಎಲ್ಲಿ ಹೋಗ್ತೀರಿ? ಅದಕ್ಕೇ ಮುಂದಿನ ಗಾಡಿಗೂ ನಿಮಗೂ ಅಂತರ ಇರಲಿ, ಹಿಂದಿನವರಿಗೂ ಕೈಸನ್ನೆ ಮಾಡಿ. ಒಂದು ಆನೆ ರಸ್ತೆ ದಾಟಿತು ಅಂತ ತಕ್ಷಣ ಹೊರಡಬೇಡಿ. ಗುಂಪು ಪೊದೆಯೊಳಗೇ ನಿಂತಿರುತ್ತೆ, ಮರಿ ಹಿಂದೆ ಬರ್ತಿರುತ್ತೆ, ತಾಯಿಗೂ ಮರಿಗೂ ನಡುವೆ ಗಾಡಿ ನುಗ್ಗಿಸಿದ್ರೆ ಮುಗೀತು.

ಸಫಾರಿ ಬಗ್ಗೆ ಇಲ್ಲಿ ಕಿವಿಗೊಡಿ. ಕೆ. ಗುಡಿಯಲ್ಲಿ ಜಂಗಲ್ ಲಾಡ್ಜಸ್ ಅನ್ನೋ ಸರ್ಕಾರಿ ಸಂಸ್ಥೆಯ ವಸತಿ ಕ್ಯಾಂಪ್ ಇದೆ, ಅದರ ಸಫಾರಿ ಹೆಚ್ಚಾಗಿ ಅಲ್ಲಿ ತಂಗಿದವರಿಗೆ. ನಮ್ಮಂಥ ದಿನಗಿರಾಕಿಗಳಿಗೆ ಅರಣ್ಯ ಇಲಾಖೆ ಗಾಡಿ. ಪ್ಯಾಕೇಜಲ್ಲಿ ಬರೀ "ಸಫಾರಿ" ಅಂತಿದೆ, ಯಾವುದು ಅಂತ ಬರೆದಿಲ್ಲ. ಸೀಟು ಕಮ್ಮಿ, ಹನ್ನೊಂದು ಜನಕ್ಕೆ ಒಂದೇ ಸುತ್ತಲ್ಲಿ ಸಿಗೋದು ಕಷ್ಟ. ಅದಕ್ಕೇ ಮಧ್ಯಾಹ್ನದ ಸುತ್ತಿಗೆ ಒಂದು ಗಂಟೆ ಮುಂಚೆಯೇ ಅಲ್ಲಿರಿ, ಎಲ್ಲರ ಗುರುತಿನ ಚೀಟಿ ಇರಲಿ. ಸಫಾರಿ ಮುಗಿಸಿ ಹೊಂಡರಬಾಳು ಗೇಟು ಹೊತ್ತಿಗೆ ಸರಿಯಾಗಿ ಸಿಗುತ್ತಾ ಅಂತ ಟಿಕೆಟ್ ಕೊಳ್ಳೋ ಮುಂಚೆಯೇ ಕೌಂಟರಲ್ಲಿ ಕೇಳಿ. ಇನ್ನೊಂದು, ಸಫಾರಿ ಇದ್ದಕ್ಕಿದ್ದ ಹಾಗೆ ನಿಲ್ಲೋದೂ ಉಂಟು. 2025ರ ನವೆಂಬರಲ್ಲಿ ಹುಲಿ ದಾಳಿಗೆ ಜನ ಸತ್ತ ಮೇಲೆ ಬಂಡೀಪುರ, ನಾಗರಹೊಳೆ ಎರಡೂ ಕಡೆ ನಿಲ್ಲಿಸಿದ್ರು. ಬೇಸಿಗೆ ಹತ್ರ ಬಂದ ಹಾಗೆ ಕಾಡ್ಗಿಚ್ಚಿನ ಭಯವೂ ಸೇರುತ್ತೆ. ಹಿಂದಿನ ದಿನವೇ ಚಾಮರಾಜನಗರದ ಅರಣ್ಯ ಇಲಾಖೆ ಕಚೇರಿಗೆ ಫೋನ್ ಮಾಡಿ ಖಾತ್ರಿ ಮಾಡ್ಕೊಳ್ಳಿ.

ಹುಲಿ ಕಾಣುತ್ತಾ? ಬಂಡೀಪುರದಷ್ಟು ಸುಲಭ ಅಲ್ಲ. ಅದಕ್ಕೆ ಒಂದು ದೊಡ್ಡ ಕಾರಣ ಲಂಟಾನ, ಹೊರದೇಶದಿಂದ ಬಂದ ಕಳೆ ಪೊದೆ. ಮೊದಲು ಸೋಲಿಗರು ಬೇಸಿಗೆಗೆ ಮುಂಚೆ ನೆಲದ ತರಗೆಲೆಗೆ ಸಣ್ಣ ಬೆಂಕಿ ಹಾಕ್ತಿದ್ರು, ತರಗು ಬೆಂಕಿ ಅಂತ. 1974ರಲ್ಲಿ ಅಭಯಾರಣ್ಯ ಆದ್ಮೇಲೆ ಅದು ನಿಂತೋಯ್ತು, ಲಂಟಾನ ಏಳೋಕೆ ಶುರುವಾಯ್ತು ಅಂತ ಸೋಲಿಗರೇ ಹೇಳ್ತಾರೆ, ಅಲ್ಲಿ ಅಧ್ಯಯನ ಮಾಡಿದ ವಿಜ್ಞಾನಿಗಳೂ ಆ ಮಾತನ್ನ ಗಂಭೀರವಾಗಿ ತಗೊಂಡಿದ್ದಾರೆ. ಈಗ ಎಷ್ಟೋ ಕಡೆ ಪೊದೆ ಜೀಪಿಗಿಂತ ಎತ್ತರ. ಹತ್ತು ಅಡಿ ಆಚೆ ಕಾಟಿ (ಕಾಡುಕೋಣ) ನಿಂತಿದ್ರೂ ಕಾಣಲ್ಲ. 2011ರಲ್ಲಿ ಇದು ಹುಲಿ ಮೀಸಲು ಆಯ್ತು, ಅದೇ ವರ್ಷ ಸೋಲಿಗರ ಸಮುದಾಯಕ್ಕೆ ಅರಣ್ಯ ಹಕ್ಕೂ ಸಿಕ್ತು, ಹುಲಿ ಮೀಸಲೊಳಗೆ ದೇಶದಲ್ಲೇ ಅದು ಮೊದಲು. ಗೈಡು ಸೋಲಿಗರವನೇ ಆಗಿದ್ರೆ ನಿಮ್ಮ ಪುಣ್ಯ. ನಗರದ ಗೈಡಿಗೆ ಪ್ರಾಣಿ ಕಂಡ್ರೆ ಮಾತ್ರ ಮಾತು, ಇವರಿಗೆ ಪ್ರಾಣಿ ಕಾಣದ ಜಾಗದಲ್ಲೂ ಹೇಳೋಕೆ ವಿಷಯ ಇರುತ್ತೆ.

ಹುಲ್ಲುಗಾವಲಿನ ಅಂಚು, ನೀರಿನ ಗುಂಡಿ, ಕಾಡ್ಗಿಚ್ಚು ಹರಡದ ಹಾಗೆ ಪೊದೆ ತೆಗೆದ ಬೆಂಕಿ ರೇಖೆ, ಇಲ್ಲೇ ಕಣ್ಣಿಡಿ. ಜಿಂಕೆ, ಕಡವೆ, ಕಾಟಿ, ಕಾಡುಹಂದಿ ಸಿಗ್ತಾವೆ, ಅದೃಷ್ಟ ಇದ್ರೆ ಸೀಳುನಾಯಿ ಹಿಂಡು. ಮರದ ತುದೀಲಿ ಕೆಂದಳಿಲು, ಅದು ಮಕ್ಕಳಿಗೆ ಹುಲಿಗಿಂತ ಇಷ್ಟ ಆಗುತ್ತೆ. ಕಿವಿನೂ ಬೇಕು. ಮುಸುವ ಕೆಮ್ಮಿದ ಹಾಗೆ ಕೂಗಿದ್ರೆ, ಜಿಂಕೆ ಚುರುಕಾಗಿ ಕಿರುಚಿದ್ರೆ ಹತ್ರ ಏನೋ ಇದೆ. ಜಿಂಕೆ ಸುಳ್ಳು ಗಾಬರಿನೂ ಬೀಳುತ್ತೆ. ಕಡವೆ ಮತ್ತೆ ಮತ್ತೆ ಕೂಗಿದ್ರೆ ಮಾತ್ರ ಹುಲಿ, ಚಿರತೆ ಅಂತ ಹೆಚ್ಚು ನಂಬಬಹುದು. ಆಗ ಡ್ರೈವರ್ ಇಂಜಿನ್ ನಿಲ್ಲಿಸ್ತಾನೆ. "ನಡಿರೀ, ಏನೂ ಇಲ್ಲ" ಅನ್ನಬೇಡಿ, ಐದು ನಿಮಿಷ ಬಾಯಿ ಮುಚ್ಕೊಂಡು ಕೂತ್ಕೊಳ್ಳಿ. ಅಕ್ಕಂಗೂ ಹೇಳಿ.

ಅಮ್ಮನನ್ನ ಸಫಾರಿ ಗಾಡೀಲಿ ಮುಂದಿನ ಅಥವಾ ನಡುವಿನ ಸಾಲಲ್ಲಿ ಕೂರಿಸಿ, ಹಿಂದಿನ ಚಕ್ರದ ಮೇಲೆ ಕೂತ್ರೆ ಒಂದೊಂದು ಗುಂಡಿಗೂ ಸೊಂಟಕ್ಕೆ ಹೊಡೆತ. ಸಂಜೆ ತೆರೆದ ಗಾಡೀಲಿ ಗಾಳಿ ಕೊರೆಯುತ್ತೆ, ಸ್ವೆಟರ್, ತಲೆಗೆ ಸ್ಕಾರ್ಫ್ ಇರಲಿ. ಬಿಳಿ, ಕೆಂಪು ಬಟ್ಟೆ, ಸೆಂಟು ಬೇಡ. ಮೊಬೈಲ್ ಫ್ಲ್ಯಾಶ್ ಮನೆಯಲ್ಲೇ ಆಫ್ ಮಾಡಿ ಬನ್ನಿ. ಯಾರ ಹತ್ರಾದ್ರೂ 8×42 ಬೈನಾಕ್ಯುಲರ್ ಇದ್ರೆ ತನ್ನಿ, ಮೊಬೈಲ್ ಜೂಮಲ್ಲಿ ಕಾಟಿ ಬರೀ ಕಪ್ಪು ಚುಕ್ಕೆ. ಒಣ ಹುಲ್ಲಲ್ಲಿ ರಕ್ತ ಹೀರೋ ಉಣ್ಣಿ ಹುಳ ಇರುತ್ತೆ, ಕಾಲು ಮುಚ್ಚೋ ಪ್ಯಾಂಟು, ಸಾಕ್ಸ್ ಹಾಕಿ, ಮನೆಗೆ ಬಂದು ಸ್ನಾನಕ್ಕೆ ಮುಂಚೆ ಮಕ್ಕಳ ಕಂಕುಳು, ಕಿವಿ ಹಿಂದೆ ನೋಡಿ.

ಸಫಾರಿ ಟಿಕೆಟ್ ಸಿಗದಿದ್ರೆ ಜಗಳ ಆಡ್ಬೇಡಿ, ಸಾಯಂಕಾಲದ ರಸ್ತೇಲೇ ನಿಧಾನವಾಗಿ ಇಳಿದು ಬನ್ನಿ, ಜಿಂಕೆ ಖಂಡಿತ ಸಿಗುತ್ತೆ. ಆದ್ರೆ ಪ್ಯಾಕೇಜಿನವನು ಸಫಾರಿ ದುಡ್ಡು ವಾಪಸ್ ಕೊಡ್ತಾನಾ ಅನ್ನೋದು ಮೊದಲೇ ಬರಹದಲ್ಲಿ ಇರಲಿ.

ಮುಂಗಡ ಕೊಡೋ ಮುಂಚೆ ಅವನಿಗೆ ನಾಲ್ಕು ಪ್ರಶ್ನೆ ಕಳಿಸಿ ಭಾವ: ಯಾವ ಗೇಟಿಂದ ಹತ್ತಿ ಯಾವುದರಿಂದ ಇಳೀತೀರಿ, ಸಫಾರಿ ಯಾರದ್ದು, ಎಷ್ಟು ಸೀಟು ಖಾತ್ರಿ, ಪ್ರವೇಶ ಮತ್ತೆ ಸಫಾರಿ ಶುಲ್ಕ ನಿಮ್ಮ ರೇಟಲ್ಲಿ ಸೇರಿದೆಯಾ. ಅವನು ಏನು ಹೇಳ್ತಾನೋ ಅದನ್ನ ಇಲ್ಲೇ ಗ್ರೂಪಿಗೆ ಹಾಕಿ, ನೋಡಿ ಹೇಳ್ತೀನಿ.