ಸಹಾಯ ಬೇಕು: ಸ್ಪೋರ್ಟ್ಸ್ ಫಿಸಿಕಲ್ ಫಾರ್ಮಿಗೆ ಈಗ ಯಾರು ಸಹಿ ಹಾಕಬೇಕು? (ನ್ಯೂಜೆರ್ಸಿ)

ಎಲ್ಲರಿಗೂ ನಮಸ್ಕಾರ. ಮಗಳು ಒಂಬತ್ತನೇ ಕ್ಲಾಸು, ಶಾಲೆಯ ಕ್ರಾಸ್ ಕಂಟ್ರಿ (ದೂರದ ಓಟ) ಟೀಮಿಗೆ ಸೇರಬೇಕು. ಫಿಸಿಕಲ್ (ಟೀಮಿಗೆ ಸೇರುವ ಮುಂಚಿನ ವೈದ್ಯಕೀಯ ತಪಾಸಣೆ) ಮಾಡುವಾಗ ಮಕ್ಕಳ ಡಾಕ್ಟರಿಗೆ ಎದೆಯಲ್ಲಿ ಮರ್ಮರ್ (ಹೃದಯ ಬಡಿತದ ಜೊತೆ ಕೇಳುವ ಹೆಚ್ಚುವರಿ ಸದ್ದು) ಕೇಳಿಸಿತು. ಮಲಗಿದಾಗ ಜೋರು, ಎದ್ದು ನಿಂತರೆ ಕಡಿಮೆ. ಸಾಮಾನ್ಯವಾಗಿ ಇದು ತೊಂದರೆಯಿಲ್ಲದ ಬಗೆ. ನಿಂತಾಗ ಜೋರಾದರೆ ಹೃದಯದ ಸ್ನಾಯು ದಪ್ಪಗಾಗಿರುವ ಅನುಮಾನ ಬರುತ್ತೆ. ಆದರೆ ಆರೋಗ್ಯದ ಹಿನ್ನೆಲೆ ಕೇಳುವ ಹಿಸ್ಟರಿ ಫಾರ್ಮಿನಲ್ಲಿ, ಮನೆತನದಲ್ಲಿ ಯಾರಾದರೂ 35 ವರ್ಷದೊಳಗೆ ಹಠಾತ್ತಾಗಿ ತೀರಿಕೊಂಡಿದ್ದಾರಾ ಅನ್ನೋ ಪ್ರಶ್ನೆಗೆ ಹೌದು ಅಂತ ಬರೆದಿದ್ವಿ (ಊರಲ್ಲಿ ಅವಳ ಚಿಕ್ಕಪ್ಪ). ಇದನ್ನು ದಯವಿಟ್ಟು ಯಾರೂ ಮುಚ್ಚಿಡಬೇಡಿ. ಎರಡೂ ಸೇರಿ, ಫಾರ್ಮಿನ ಎಲಿಜಿಬಿಲಿಟಿ (ಅರ್ಹತೆ) ಪುಟದಲ್ಲಿ 'ಹೆಚ್ಚಿನ ವೈದ್ಯಕೀಯ ಪರೀಕ್ಷೆ ಆಗುವವರೆಗೆ ಅರ್ಹಳಲ್ಲ' ಅನ್ನೋ ಚೌಕಕ್ಕೆ ಟಿಕ್ ಬಿತ್ತು.

ಇಸಿಜಿ, ಎಕೋ (ಹೃದಯದ ಸ್ಕ್ಯಾನ್) ಎರಡೂ ನಾರ್ಮಲ್. ಕಾರ್ಡಿಯಾಲಜಿಸ್ಟ್ (ಹೃದಯದ ಡಾಕ್ಟರು) ತಮ್ಮ ಲೆಟರ್‌ಹೆಡ್‌ನಲ್ಲಿ 'ಯಾವ ನಿರ್ಬಂಧವೂ ಇಲ್ಲ' ಅಂತ ಬರೆದುಕೊಟ್ಟಿದ್ದಾರೆ. ಶಾಲೆಯ ನರ್ಸ್ ಪತ್ರ ಸಾಲದು, ಫಾರ್ಮಿನಲ್ಲೇ ಟಿಕ್ ಬದಲಾಗಬೇಕು ಅಂತಾರೆ. ಮಕ್ಕಳ ಡಾಕ್ಟರ ಆಫೀಸಿನವರು ಕಾರ್ಡಿಯಾಲಜಿಸ್ಟೇ ತುಂಬಲಿ ಅಂತಾರೆ. ಕಾರ್ಡಿಯಾಲಜಿಸ್ಟೋ, ಕಣ್ಣು, ಕೀಲು, ಬೆನ್ನು ಯಾವುದನ್ನೂ ನಾವು ನೋಡಿಲ್ಲ, ಸಹಿ ಹಾಕಲ್ಲ ಅಂತಾರೆ. ಅದೂ ಸರಿಯೇ.

ಫಿಸಿಕಲ್‌ಗೆ 365 ದಿನ ಅವಧಿ ಇದೆ. 90 ದಿನ ದಾಟಿದ್ದಕ್ಕೆ ಹೆಲ್ತ್ ಹಿಸ್ಟರಿ ಅಪ್‌ಡೇಟ್ ತುಂಬಿ ಕೊಟ್ಟಾಗಿದೆ. ಕೊನೆಯ ಒಪ್ಪಿಗೆ ಶಾಲೆಯ ಫಿಸಿಶಿಯನ್‌ದು ಅಂತಲೂ ಗೊತ್ತು.

ಹೀಗೆ ತಡೆಹಿಡಿದ ಫಾರ್ಮನ್ನು ಬಿಡಿಸಿಕೊಂಡವರು ಹೇಳಿ: ಮಕ್ಕಳ ಡಾಕ್ಟರೇ ಈ ಪತ್ರ ನೋಡಿ, ಹೊಸ ಎಲಿಜಿಬಿಲಿಟಿ ಪುಟ ಮಾತ್ರ ತುಂಬಿಕೊಟ್ಟರೆ ಶಾಲೆ ಒಪ್ಪುತ್ತಾ, ಇಲ್ಲಾ ಇಡೀ ಫಿಸಿಕಲ್ ಮತ್ತೆ ಮಾಡಿಸಬೇಕಾ?