‘ಡೆಲಿವರಿ’ ಅಂದರೆ ಮುಟ್ಟಿಸುವುದೋ, ಒಪ್ಪಿಸುವುದೋ?

ಗೆಳೆಯರೇ,

ಹಾಸನದ ಒಂದು ಲಾರಿ ಆಫೀಸಿನವರು ತಮ್ಮ ಎಲ್‌ಆರ್ (ಮಾಲು ಬುಕ್ ಮಾಡಿದಾಗ ಕೊಡುವ ಲಾರಿ ರಸೀದಿ) ಹಿಂಬದಿಯ ಷರತ್ತುಗಳನ್ನು ಕನ್ನಡದಲ್ಲಿ ಅಚ್ಚು ಹಾಕಿಸಬೇಕು ಅಂತಿದ್ದಾರೆ. ಬರೆದುಕೊಡುವ ಕೆಲಸ ನನ್ನ ತಲೆಗೆ ಬಿದ್ದಿದೆ. ‘ಡೆಲಿವರಿ’ ಅನ್ನುವ ಮಾತು ದಾಟೋಕೆ ಆಗ್ತಿಲ್ಲ. ಬಾಯಿಮಾತಿಗೆ ಡೆಲಿವರಿಯೇ ಇರಲಿ, ನನ್ನ ತಕರಾರಿಲ್ಲ. ಷರತ್ತಿನಲ್ಲಿ ಮಾತ್ರ ಅದು ಯಾರ ಮೇಲೆ ಏನು ಹೊಣೆ ಹೊರಿಸುತ್ತದೆ ಅಂತ ಗೊತ್ತಾಗಬೇಕಲ್ವಾ?

‘ವಿತರಣೆ’ ಬೇಡ. ಅದು ಹಲವರಿಗೆ ಹಂಚುವ ಮಾತು: ಪಡಿತರ ವಿತರಣೆ, ಬಹುಮಾನ ವಿತರಣೆ. ‘ಬಟವಾಡೆ’ ಅಂಚೆಯವರ ಒಳ್ಳೇ ಪದ. ಆದರೆ ಸಕಲೇಶಪುರ, ಮೂಡಿಗೆರೆ ಕಡೆಯ ತೋಟಗಳಲ್ಲಿ ಬಟವಾಡೆ ಅಂದರೆ ಕೂಲಿ ಕೊಡುವುದು. ‘ಬಟವಾಡೆ ಬಾಕಿ’ ಅಂತ ಅಚ್ಚು ಹಾಕಿಸಿದರೆ ಬೆಳೆಗಾರರು ಗಾಬರಿಯಾದಾರು!

ಉಳಿದದ್ದು ‘ಮುಟ್ಟಿಸು’ ಮತ್ತು ‘ಒಪ್ಪಿಸು’. ಇಲ್ಲೇ ನಿಜವಾದ ಗಂಟು.

ಸಕಲೇಶಪುರದ ಒಬ್ಬರು ಹೊರರಾಜ್ಯದ ವ್ಯಾಪಾರಿಗೆ ಕಾಳುಮೆಣಸು ಕಳಿಸುತ್ತಾರೆ ಅಂತಿಟ್ಟುಕೊಳ್ಳಿ. ದುಡ್ಡು ಇನ್ನೂ ಬಂದಿಲ್ಲ. ಹಾಗಾಗಿ ಎಲ್‌ಆರ್‌ನಲ್ಲಿ ಮಾಲು ಪಡೆಯುವವರ ಹೆಸರಿನ ಜಾಗದಲ್ಲಿ ‘ಸೆಲ್ಫ್’ (ಅಂದರೆ ತಮಗೇ) ಅಂತ ಬರೆಸಿ, ಹಿಂದೆ ಸಹಿ ಹಾಕಿ, ಅಸಲು ಪ್ರತಿಯನ್ನು ಬ್ಯಾಂಕಿನ ಮೂಲಕ ಕಳಿಸುತ್ತಾರೆ. ವ್ಯಾಪಾರಿ ಬ್ಯಾಂಕಿಗೆ ದುಡ್ಡು ಕಟ್ಟಿ ಆ ಅಸಲು ಬಿಡಿಸಿಕೊಂಡು ತಂದರೆ ಮಾತ್ರ ಮಾಲು. ಅಲ್ಲಿನ ಗೋಡೌನಿನವರು ‘ಗೊತ್ತಿರೋ ಪಾರ್ಟಿ, ಬಿಡ್ರೀ’ ಅಂತ ಜೆರಾಕ್ಸ್ ನೋಡಿ ಚೀಲ ಎತ್ತಿಸಿಬಿಟ್ಟರೆ? ಮಾಲು ಊರು ಮುಟ್ಟಿತು. ಕೊಂಡವನ ಕೈಗೂ ಮುಟ್ಟಿತು. ಆದರೂ ಲಾರಿಯವರ ಹೊಣೆ ತೀರಲಿಲ್ಲ, ಯಾಕೆಂದರೆ ಪಡೆಯುವ ಹಕ್ಕು ಅವನಿಗೆ ಇನ್ನೂ ಬಂದೇ ಇರಲಿಲ್ಲ. ಕಳಿಸಿದವರು ಲಾರಿಯವರನ್ನೇ ಕೇಳಬಹುದು. ‘ಮುಟ್ಟಿಸು’ ಇಲ್ಲಿ ಕೈಕೊಡುತ್ತದೆ.

‘ಒಪ್ಪಿಸು’ ಹಾಗಲ್ಲ. ಕಳ್ಳನನ್ನು ಪೊಲೀಸರಿಗೆ ಒಪ್ಪಿಸುತ್ತೇವೆ. ಮೇಷ್ಟ್ರಿಗೆ ಮಗ್ಗಿ ಒಪ್ಪಿಸುತ್ತಿದ್ದೆವು. ಆ ಕಡೆ ಇರುವವರು ತಗೊಳ್ಳಬೇಕಾದವರೇ ಆಗಿರಬೇಕು ಅನ್ನುವುದು ಮಾತಿನೊಳಗೇ ಇದೆ. ಕಂಡಕಂಡವರ ಕೈಗೆ ಕೊಟ್ಟರೆ ಅದು ಒಪ್ಪಿಸಿದ್ದಲ್ಲ.

ಕಾಯ್ದೆಗೂ ಇದು ಹೊಂದುತ್ತದೆ. 1865ರ ಹಳೇ ಕಾಯ್ದೆಯ ಜಾಗಕ್ಕೆ 2007ರ ರಸ್ತೆ ಸಾಗಣೆ ಕಾಯ್ದೆ ಬಂದು, 2011ರ ಮಾರ್ಚ್ 1ರಿಂದ ಜಾರಿಯಲ್ಲಿದೆ. ಅದರಲ್ಲಿ ಮಾಲು ಕಳೆದುಹೋಗುವುದು, ಹಾಳಾಗುವುದರ ಜೊತೆಗೆ ಡೆಲಿವರಿ ಆಗದಿರುವುದನ್ನೂ ಹೆಸರಿಸಿ ಹೊಣೆ ಹೊರಿಸಿದ್ದಾರೆ. ‘ಒಪ್ಪಿಸದಿರುವುದು’ ಅಲ್ಲಿ ಸರಿಯಾಗಿ ಕೂರುತ್ತದೆ. ಅದೇ ಸಾಲಿನ ‘ಲಾಸ್’ಗೆ ‘ನಷ್ಟ’ ಅಂತ ಬರೆಯಲಿಲ್ಲ. ನಷ್ಟ ಅಂದಕೂಡಲೇ ವ್ಯಾಪಾರದಲ್ಲಿ ಕೈಸುಟ್ಟುಕೊಂಡದ್ದು ನೆನಪಾಗುತ್ತದೆ. ‘ಕಳೆದುಹೋಗುವುದು’ ಸಾಕು. ಇನ್ನೊಂದು ವಿಷಯ: ಮಾಲು ಕಳೆದರೆ, ಕೆಟ್ಟರೆ ದಾವೆಗೆ ಮುಂಚೆ ಲಿಖಿತ ನೋಟಿಸ್ ಕೊಡಬೇಕು, ಅದೂ ಬುಕ್ ಮಾಡಿದ ದಿನದಿಂದ 180 ದಿನದೊಳಗೆ. ಮಾಲು ಬರಬೇಕಿದ್ದ ದಿನದಿಂದ ಎಣಿಸುವವರೇ ಜಾಸ್ತಿ. ಆ ಸಾಲನ್ನು ದಪ್ಪಕ್ಷರದಲ್ಲಿ ಹಾಕಿ ಅಂದಿದ್ದೇನೆ.

ಕಾಯ್ದೆಯಲ್ಲಿ ಬರುವ ‘ಕಾಮನ್ ಕ್ಯಾರಿಯರ್’ಗೆ ‘ಸಾಮಾನ್ಯ ವಾಹಕ’ ಅನ್ನುವುದು ಸುಮ್ನೆ ಪದಕ್ಕೆ ಪದ ಇಟ್ಟಂತೆ. ವಾಹಕ ಅಂದರೆ ನನಗೆ ತಾಮ್ರದ ತಂತಿಯೇ ಕಾಣುತ್ತದೆ. ಭೇದ ಮಾಡದೆ ಯಾರ ಮಾಲನ್ನಾದರೂ ಬಾಡಿಗೆಗೆ ಸಾಗಿಸುವವರು ಅನ್ನುವುದು ಅದರ ಅರ್ಥ. ‘ಸಾರ್ವಜನಿಕ ಸಾಗಣೆದಾರ’ ಅಂತ ಬರೆದಿದ್ದೇನೆ.

ಈಗ ನನ್ನ ಪ್ರಶ್ನೆ. ಯಾರಿಗೆ ಒಪ್ಪಿಸಬೇಕೋ ಅವರನ್ನು ಏನನ್ನೋಣ? ‘ಪಡೆಯುವವರು’ ಅಂದರೆ ಜೆರಾಕ್ಸ್ ಹಿಡಿದು ಬಂದವನೂ ಸೇರಿಬಿಡುತ್ತಾನೆ. ‘ವಾರಸುದಾರರು’ ಚೆನ್ನಾಗಿದೆ, ಬಸ್ ಸ್ಟ್ಯಾಂಡಿನಲ್ಲಿ ಬಿಟ್ಟುಹೋದ ಬ್ಯಾಗಿಗೂ ವಾರಸುದಾರರು ಇರುತ್ತಾರೆ. ಆದರೆ ಆಸ್ತಿ ಪಾಲಿನ ವಾಸನೆ ಹೊಡೆಯುತ್ತದೆ. ‘ಹಕ್ಕುದಾರರು’ ಸ್ವಲ್ಪ ಒಣಕಲು. ಅರಸೀಕೆರೆ, ತಿಪಟೂರಿನ ಕೊಬ್ಬರಿ ಮಂಡಿಗಳ ಹಳೇ ಗುಮಾಸ್ತರು ಇದಕ್ಕೆ ಏನನ್ನುತ್ತಿದ್ದರು? ‘ಪಾರ್ಟಿ’ ಬರುವುದಕ್ಕೆ ಮುಂಚಿನ ಮಾತು ಯಾರಿಗಾದರೂ ಗೊತ್ತಿದ್ದರೆ ತಿಳಿಸಿ.